ಪಂಚಾಕ್ಷರಯ್ಯನವರ ಮೇಲೊಂದು ರೂಪಾಯಿ

ಸೊನ್ನೆಯಲ್ಲಿ ಮುಗಿಯುವ ಮೊತ್ತವೊಂದು ಪಂಚಾಕ್ಷರಯ್ಯನವರ ಕೈಯಿಂದ ಹೊರಬಿದ್ದದ್ದನ್ನು ಚನ್ನರಾಯಪಟ್ಟಣದ ಪೇಟೆಯಲ್ಲಿ ಕಂಡವರಿರಲಿಲ್ಲ. ಹತ್ತು ಕೊಡಬೇಕಾದಲ್ಲಿ ಹನ್ನೊಂದು, ನೂರು ಕೊಡಬೇಕಾದಲ್ಲಿ ನೂರಾ ಒಂದು. ದರ್ಜಿಗಾದರೂ ಅಷ್ಟೆ, ದೇವಸ್ಥಾನಕ್ಕಾದರೂ ಅಷ್ಟೆ, ಬಸ್ಸಿನ ಟೈರಿಗೆ ತೇಪೆ ಹಾಕುವವನಿಗಾದರೂ ಅಷ್ಟೆ. ಕತ್ತಿನ ತನಕ ಗುಂಡಿ ಹಾಕಿಕೊಳ್ಳುತ್ತಿದ್ದ ಅವರ ಕಂದು ಕೋಟಿನ ಬಲಜೇಬು ಇದಕ್ಕೆಂದೇ ಮೀಸಲು. ಎಡಜೇಬಿನಿಂದ ಹಣ ತೆಗೆದು, ಎಣಿಸಿ, ಕೆಳಗಿಟ್ಟು, ಒಂದು ಕ್ಷಣ ಧ್ಯಾನಸ್ಥರಂತೆ ನಿಂತು, ಆಮೇಲೆ ಬಲಜೇಬಿಗೆ ಕೈಹಾಕಿ ಒಂದು ರೂಪಾಯಿಯನ್ನು ಆ ಹಣದ ನೆತ್ತಿಯ ಮೇಲೆ ಕೂರಿಸಿ, “ಮೇಲೊಂದು ಇರ್ಲಿ, ಏನಂತೀರಿ?” ಎನ್ನುವರು. ಆ ‘ಏನಂತೀರಿ’ಗೆ ಉತ್ತರ ಹೇಳುವ ಅವಕಾಶವನ್ನು ಅವರು ಜೀವಮಾನದಲ್ಲಿ ಯಾರಿಗೂ ಕೊಟ್ಟವರಲ್ಲ. ಎದುರಿನವರು ಬಾಯಿ ತೆರೆಯುವಷ್ಟರಲ್ಲಿ ಅವರ ಮಾತು ಮುಂದಿನ ಊರು ಸೇರಿರುತ್ತಿತ್ತು.

ಹಾಸನದ ವಕೀಲ ಚಂದ್ರಶೇಖರಯ್ಯನವರು ಈ ಮೇಲೊಂದನ್ನು ಐವತ್ತರ ದಶಕದ ಆರಂಭದಿಂದಲೂ ಸಹಿಸಿಕೊಂಡು ಬಂದವರು. ಕೊಬ್ಬರಿ ವ್ಯಾಪಾರದಲ್ಲಿ ಗಳಿಸಿದ್ದನ್ನೆಲ್ಲ ಸುರಿದು ಒಂದು ಬಸ್ಸು ಕೊಂಡು, ಅದನ್ನು ಚನ್ನರಾಯಪಟ್ಟಣದಿಂದ ಹೊಳೆನರಸೀಪುರದ ಮೇಲೆ ಅರಕಲಗೂಡಿಗೆ ಓಡಿಸಲು ಪರ್ಮಿಟ್ಟು ಬೇಕೆಂದು ಪಂಚಾಕ್ಷರಯ್ಯನವರು ಅವರ ಕಚೇರಿಯ ಮೆಟ್ಟಿಲು ಹತ್ತಿದ ದಿನವೇ ಫೀಜಿನ ಮೇಲೊಂದು ರೂಪಾಯಿ ಕೂತಿತ್ತು. “ಇದೇನ್ರೀ, ನಾನೇನು ಪುರೋಹಿತನೆ?” ಎಂದು ವಕೀಲರು ಗದರಿದರು. ಮುಂದಿನ ಸಲವೂ ಗದರಿದರು. ಅದರ ಮುಂದಿನ ಸಲ ಗದರುವುದನ್ನು ಬಿಟ್ಟು ಆ ರೂಪಾಯಿಯನ್ನು ಕಾಫಿಪುಡಿಯ ಡಬ್ಬಿಗೆ ಹಾಕಿದರು. ಸೋಲನ್ನು ಒಪ್ಪಿಕೊಂಡರೂ ಸಿಟ್ಟು ಮಾತ್ರ ಅವರಲ್ಲಿ ಹಾಗೇ ಉಳಿಯಿತು.

ಸಿಟ್ಟಿಗೆ ಬೇರೆ ಕಾರಣಗಳೂ ಇರಲಿಲ್ಲವೆಂದಲ್ಲ. ಪಂಚಾಕ್ಷರಯ್ಯನವರು ಬೀದಿಯಲ್ಲಿ ನಡೆಯುವುದು ಅವರ ಬಸ್ಸು ಓಡಿದ ಹಾಗೆ: ಪ್ರತಿ ಅಂಗಡಿಯ ಮುಂದೂ ನಿಂತು, ಒಬ್ಬರನ್ನು ಮಾತಿಗೆ ಹತ್ತಿಸಿಕೊಂಡು, ಇನ್ನೊಬ್ಬರನ್ನು ಇಳಿಸಿ. ಕೋರ್ಟಿನಲ್ಲಿ ಹೆಸರು ಕೂಗುವ ಹೊತ್ತಿಗೆ ಅವರು ಹಾಸನದ ಬಸ್‌ಸ್ಟಾಂಡಿನಿಂದ ಹೊರಟು ಎರಡನೆಯ ಹೋಟೆಲಿನ ಹತ್ತಿರ ಇರುತ್ತಿದ್ದರು. ಒಮ್ಮೆ ಹೊಳೆನರಸೀಪುರದಲ್ಲಿ, ಮಿತಿ ಮೀರಿ ಜನ ತುಂಬಿದ್ದಕ್ಕೆ ಅವರಿಗೆ ಇಪ್ಪತ್ತು ರೂಪಾಯಿ ದಂಡವಾಯಿತು. ಗುಮಾಸ್ತೆಯ ಮೇಜಿನ ಮೇಲೆ ಇಪ್ಪತ್ತೊಂದು ಬಂದು ಕೂತಿತು.

“ದಂಡ ಇಪ್ಪತ್ತು. ಈ ಒಂದಕ್ಕೆ ಯಾವ ಬಾಬ್ತಿನಲ್ಲಿ ರಸೀದಿ ಹರೀಲಿ?” ಎಂದ ಗುಮಾಸ್ತೆ.

“ರಸೀದಿ ಬ್ಯಾಡಿ, ಶಾಸ್ತ್ರಕ್ಕೆ ಇಟ್ಕೊಳಿ, ಏನಂತೀರಿ?”

ತೆರೆದ ನ್ಯಾಯಾಲಯದಲ್ಲಿ ಸರ್ಕಾರಿ ಗುಮಾಸ್ತೆಗೆ ರಸೀದಿಯಿಲ್ಲದ ರೂಪಾಯಿ ಕೊಡುವುದನ್ನು ಕಾನೂನು ಏನೆಂದು ಕರೆಯುತ್ತದೆ ಎಂಬುದನ್ನು ಚಂದ್ರಶೇಖರಯ್ಯನವರು ಕಕ್ಷಿದಾರನ ಕಿವಿಯಲ್ಲಿ ಹಲ್ಲು ಕಡಿಯುತ್ತ ವಿವರಿಸಬೇಕಾಯಿತು. ಆ ರೂಪಾಯಿ ಕೊನೆಗೆ ಕೋರ್ಟಿನ ಆವರಣದ ಅಶ್ವತ್ಥಕಟ್ಟೆಯ ಹುಂಡಿಗೆ ಬಿತ್ತು. ವಾಪಸು ಜೇಬಿಗೆ ಹೋಗಲಂತೂ ಪಂಚಾಕ್ಷರಯ್ಯನವರು ಬಿಡಲಿಲ್ಲ.

ಒಂದೇ ಒಂದು ಕಡೆ ಮಾತ್ರ ಆ ಬಲಗೈ ಸುಮ್ಮನಿದ್ದದ್ದನ್ನು ವಕೀಲರು ಕಂಡಿದ್ದರು. ಅರಕಲಗೂಡಿನಲ್ಲಿ ಬಸ್ಸಿನ ಕ್ಲೀನರೊಬ್ಬನ ತಂದೆ ತೀರಿಕೊಂಡಾಗ ಇಬ್ಬರೂ ದಾರಿಯಲ್ಲೇ ಇದ್ದುದರಿಂದ ಮನೆಯ ಬಾಗಿಲಿಗೆ ಹೋಗಿ ಬಂದರು. ಪಂಚಾಕ್ಷರಯ್ಯನವರು ಎಡಜೇಬಿನಿಂದ ಐವತ್ತು ರೂಪಾಯಿ ತೆಗೆದು ಹುಡುಗನ ಕೈಯಲ್ಲಿಟ್ಟು, ಮಾತಿಲ್ಲದೆ ತಿರುಗಿದರು. ದಾರಿಯಲ್ಲಿ ವಕೀಲರು ಕೆಣಕಿದರು: “ಏನು, ಇವತ್ತು ಮೇಲೊಂದು ಮರೆತಿರೊ?”

“ಸಾವಿನ ಮನೆಗೆ ಮೇಲೊಂದು ಇಡಬಾರ್ದು ಸ್ವಾಮಿ. ಮೇಲೊಂದು ಅಂದ್ರೆ ಇನ್ನೂ ಬೆಳೀಲಿ, ಇನ್ನೊಂದು ಬರ್ಲಿ ಅಂತ. ಸಾವಿನ ಮನೇಲಿ ಇನ್ನೊಂದು ಬರ್ಲಿ ಅಂತಾರಾ ಯಾರಾದ್ರೂ? ಅಲ್ಲಿ ಸೊನ್ನೆ. ಅಲ್ಲಿಗೆ ಮುಗೀಬೇಕು, ಏನಂತೀರಿ?”

ಈ ಮಾತನ್ನು ಚಂದ್ರಶೇಖರಯ್ಯನವರು ಅಂದೇ ತಲೆಯಲ್ಲಿ ಭದ್ರವಾಗಿ ಇಟ್ಟುಕೊಂಡಿದ್ದರೆ ಮುಂದೆ ಅಷ್ಟು ಓಡಾಟ, ಅಷ್ಟು ಬಿಸಿಲು, ಅಷ್ಟು ತಲೆನೋವು ತಪ್ಪುತ್ತಿತ್ತು. ಮಂಜೂರಾಗಬೇಕಿದ್ದ ಯಾವುದೋ ಪರ್ಮಿಟ್ಟಿನ ಚಿಂತೆಯಲ್ಲಿ ಅವರು ಅದನ್ನು ಅಲ್ಲೇ ರಸ್ತೆಯಲ್ಲಿ ಬಿಟ್ಟು ಬಂದರು.

ಅರವತ್ತರ ಆಸುಪಾಸಿನಲ್ಲಿ ಆ ಬಸ್ಸಿನಿಂದ ಒಂದು ಜೀವ ಹೋಯಿತು. ಚನ್ನರಾಯಪಟ್ಟಣದ ತೆಂಗಿನಕಾಯಿ ಮಂಡಿಯಲ್ಲಿ ಮೂಟೆ ಹೊರುತ್ತಿದ್ದ ದ್ಯಾವಯ್ಯ ವಾರದ ಕೊನೆಗೆ ಊರಿಗೆ ಹೊರಟವನು, ಅರಕಲಗೂಡಿನ ದಾರಿಯಲ್ಲಿ ತನ್ನ ಹಳ್ಳಿಯ ಕವಲಿನ ಹತ್ತಿರ ಇಳಿಯುತ್ತಿದ್ದ. ಒಂದು ಕಾಲು ನೆಲದಲ್ಲಿ, ಒಂದು ಕಾಲು ಮೆಟ್ಟಿಲಿನಲ್ಲಿ ಇರುವಾಗಲೇ, ಹಿಂದಿನಿಂದ ಬರುತ್ತಿದ್ದ ಇನ್ನೊಂದು ಬಸ್ಸು ಮುಂದಿನ ಊರಿನ ಜನರನ್ನು ಬಾಚಿಕೊಂಡೀತೆಂಬ ಆತುರದಲ್ಲಿ ಡ್ರೈವರು ಬಸ್ಸು ಎತ್ತಿದ. ಹಿಂದಿನ ಚಕ್ರ ಹರಿಯಿತು. ದ್ಯಾವಯ್ಯನ ಹೆಂಡತಿ ಹೊನ್ನಕ್ಕ ಹಾಸನದ ಟ್ರಿಬ್ಯೂನಲ್ಲಿನಲ್ಲಿ ಪರಿಹಾರ ಕೇಳಿದಳು. ಅವಳ ಪರವಾಗಿ ನಿಂತವರು ಅದೇ ಊರಿನ ವಕೀಲ ಈಶ್ವರಯ್ಯನವರು. ಒಂಬತ್ತು ಸಾವಿರ ರೂಪಾಯಿ ಕೊಡಬೇಕೆಂದು ತೀರ್ಪಾಯಿತು. ವಿಮೆಯವರ ಹೊಣೆ ಕಾನೂನಿನ ಮಿತಿಯೊಳಗಿನ ಚಿಕ್ಕ ಪಾಲು, ಉಳಿದದ್ದೆಲ್ಲ ಮಾಲೀಕರ ತಲೆಗೆ. ಇರುವ ಒಂದೇ ಬಸ್ಸನ್ನು ಮಾರಿದರಷ್ಟೇ ಅದು ತೀರುವಂಥದ್ದು. ಪಂಚಾಕ್ಷರಯ್ಯನವರು ಬೆಂಗಳೂರಿನ ಹೈಕೋರ್ಟಿಗೆ ಅಪೀಲು ಹೋದರು.

ಆ ದಿನಗಳಲ್ಲಿ ಅವರ ಮಾತು ಕೇಳುವುದೇ ವಕೀಲರಿಗೆ ಒಂದು ಶಿಕ್ಷೆ. ‘ಸತ್ತ’ ಎಂಬ ಪದ ಅವರ ಬಾಯಿಂದ ಬರುತ್ತಿರಲಿಲ್ಲ. ‘ಆ ವಿಷಯ’, ‘ಆವತ್ತಿಂದು’, ತೀರ ಒತ್ತಾಯಿಸಿದರೆ ‘ಆ ಮನುಷ್ಯ ಇಳಿದದ್ದು’. “ಬಸ್ಸು ನಿಂತೇ ಇರ್ಲಿಲ್ಲ ಸ್ವಾಮಿ, ಆತನೇ ಧುಮುಕಿದ್ದು, ಏನಂತೀರಿ?” ಎಂದು ಅವರು ಪ್ರಮಾಣ ಮಾಡಿ ಹೇಳಿದ್ದರು; ಆದರೆ ಅವರ ಡ್ರೈವರೇ ಸಾಕ್ಷಿಕಟ್ಟೆಯಲ್ಲಿ, ನೋಡದೆ ಎತ್ತಿದ್ದು ಹೌದು ಎಂದು ಒಪ್ಪಿಕೊಂಡಿದ್ದ. ಅಪೀಲಿನಲ್ಲಿ ಉಸಿರಿಲ್ಲವೆಂದು ಚಂದ್ರಶೇಖರಯ್ಯನವರಿಗೆ ಚೆನ್ನಾಗಿ ಗೊತ್ತಿತ್ತು. ವಿಚಾರಣೆಗೆ ಬಂದರೆ ಬಸ್ಸು ಜಫ್ತಿಯಾಗಿ ಹರಾಜಿಗೆ ಹೋಗುವುದು ಖಂಡಿತ. ಆದರೆ ಹೊನ್ನಕ್ಕನಿಗೂ ಹೈಕೋರ್ಟಿನ ವರ್ಷಗಳನ್ನು ಕಾಯುವ ಶಕ್ತಿ ಇರಲಿಲ್ಲ. ಹೀಗಿರುವಾಗ ಬುದ್ಧಿಯಿದ್ದವರು ಮಾಡುವುದೇನೋ ಅದನ್ನೇ ಇಬ್ಬರು ವಕೀಲರೂ ಮಾಡಿದರು. ರಾಜಿಯ ಮಾತೆತ್ತಿದರು.

ಎತ್ತಿದ ಮಾತು ದಡ ಸೇರಲು ಎರಡು ಬೇಸಿಗೆ ಹಿಡಿಯಿತು. ಪಂಚಾಕ್ಷರಯ್ಯನವರು ಒಂದು ದಿನ ಒಪ್ಪುವರು, ಮರುದಿನದ ಬಸ್ಸಿನಲ್ಲಿ ಬಂದು ಒಪ್ಪಿಲ್ಲ ಎನ್ನುವರು. ಕೊನೆಗೆ ಏಳು ಸಾವಿರಕ್ಕೆ ನಿಂತಿತು. ಬೆಂಗಳೂರಿನ ವಕೀಲರು ಬರೆದರು: ನ್ಯಾಯಮೂರ್ತಿಗಳು ಕೊನೆಯ ವಾಯಿದೆ ಕೊಟ್ಟಿದ್ದಾರೆ, ಆ ಸೋಮವಾರದೊಳಗೆ ಎರಡೂ ಕಡೆಯ ಸಹಿಯುಳ್ಳ ರಾಜಿ ಅರ್ಜಿ ಬರದಿದ್ದರೆ ವಿಚಾರಣೆಯೇ ಸೈ. ಕರಡು ಓದಿ ಹೇಳುವಾಗ ಪಂಚಾಕ್ಷರಯ್ಯನವರು ಕಣ್ಣು ಮುಚ್ಚಿ ಕೇಳುತ್ತಿದ್ದವರು, ಮೊತ್ತ ಬಂದಾಗ ಕಣ್ಣು ತೆರೆದರು.

“ಮೇಲೊಂದು ಹಾಕ್ಬಿಡಿ.”

ಚಂದ್ರಶೇಖರಯ್ಯನವರಿಗೆ ಆ ಕ್ಷಣದಲ್ಲಿ ಆದದ್ದು ಸಂತೋಷ. ಇನ್ನೂರು ಕಡಿಮೆ ಮಾಡಿ ಎನ್ನಬಹುದಾಗಿದ್ದ ಮನುಷ್ಯ ಒಂದು ಹೆಚ್ಚು ಮಾಡಿ ಎನ್ನುತ್ತಿದ್ದಾನೆ. ಬಾಯಿ ಬದಲಿಸುವ ಮೊದಲು ಹಾಕಿಬಿಡೋಣ. ಅರ್ಜಿಯಲ್ಲಿ ಏಳು ಸಾವಿರದ ಒಂದು ಎಂದು ಅಂಕಿಯಲ್ಲಿ ಟೈಪಾಯಿತು.

ಬುಧವಾರ ಹಾಸನದ ಕೋರ್ಟಿನ ಜಗಲಿಯಲ್ಲಿ ಹೊನ್ನಕ್ಕ ಬಂದು ಕೂತಳು. ಮಾಲೀಕರು ಎಂದಿನಂತೆ ಇನ್ನೂ ದಾರಿಯಲ್ಲಿದ್ದರು. ಈಶ್ವರಯ್ಯನವರು ಇಂಗ್ಲಿಷಿನ ಅರ್ಜಿಯನ್ನು ಕನ್ನಡದಲ್ಲಿ ಓದಿ ಹೇಳುತ್ತಿದ್ದರು. ಹೆಬ್ಬೆಟ್ಟಿಗೆ ಮಸಿ ಆಗಲೇ ಹಚ್ಚಿಯಾಗಿತ್ತು. ಏಳು ಸಾವಿರದ ಒಂದು ಎಂಬ ಮಾತು ಕಿವಿಗೆ ಬಿದ್ದದ್ದೇ ಅವಳು ಕೈ ಹಿಂದಕ್ಕೆಳೆದುಕೊಂಡಳು.

“ಆ ಒಂದು ಯಾಕೆ ಸಾ?”

“ಹೆಚ್ಚಿಗೆ ಕೊಡ್ತಾ ಇದಾರೆ ಕಣಮ್ಮ, ಒತ್ತು,” ಎಂದರು ಚಂದ್ರಶೇಖರಯ್ಯನವರು.

“ಮದ್ವೆ ಮನೆ ಮುಯ್ಯಾ ಇದು, ಮೇಲೊಂದು ಮಡಗಾಕೆ? ನಮ್ಮನೇಲಿ ಒಂದು ಎಣ ಎತ್ತವ್ರೆ. ಇನ್ನೂ ಒಂದು ಬರ್ಲಿ ಅಂತ ಕೊಡ್ತಾವ್ರಾ? ನಂಗೂ ಮಕ್ಳವ್ರೆ. ನಾ ಒತ್ತಾಕಿಲ್ಲ.”

ಮಸಿಯ ಹೆಬ್ಬೆಟ್ಟನ್ನು ಜಗಲಿಯ ಕಂಬಕ್ಕೆ ಒರೆಸಿ ಎದ್ದು ಹೋದಳು. ಕಂಬದ ಮೇಲೆ ಉಳಿದ ಆ ಕಪ್ಪು ಗುರುತನ್ನು ನೋಡುತ್ತ ನಿಂತ ಚಂದ್ರಶೇಖರಯ್ಯನವರಿಗೆ ಅರಕಲಗೂಡಿನ ರಸ್ತೆಯ ಮಾತು ಈಗ ನೆನಪಾಯಿತು. ತಮ್ಮ ಮೇಲೆಯೇ ಬಂದ ಸಿಟ್ಟನ್ನು, ಆಗಷ್ಟೇ ಗೇಟಿನಲ್ಲಿ ಯಾರೊಡನೆಯೋ ಮಾತಾಡುತ್ತ ನಿಂತಿದ್ದ ಕಕ್ಷಿದಾರನ ಮೇಲೆ ಸುರಿದರು. ಜಗತ್ತಿನಲ್ಲಿ ಕೊಡುವವರು ಕಡಿಮೆ ಕೊಟ್ಟು ರಾಜಿ ಮುರಿದದ್ದನ್ನು ಅವರು ಕಂಡಿದ್ದರು. ಹೆಚ್ಚು ಕೊಟ್ಟು ಮುರಿದ ಮಹಾನುಭಾವ ಇವನೊಬ್ಬನೇ.

ಮರುದಿನ ಅವರು ಚನ್ನರಾಯಪಟ್ಟಣಕ್ಕೇ ಹೋದರು. ಹೋದದ್ದು ಹೊಳೆನರಸೀಪುರದ ಮೇಲೆ, ಪಂಚಾಕ್ಷರಯ್ಯನವರ ಬಸ್ಸಿನ ಕಾಲಮಾನವನ್ನು ನಂಬಿ, ಹೀಗಾಗಿ ತಲುಪುವಾಗ ಮಧ್ಯಾಹ್ನ ಇಳಿದಿತ್ತು. ನಡುಮನೆಯಲ್ಲಿ ಕೂತು ಕಾಲಿಗೆ ಬೀಳುವುದೊಂದು ಬಿಟ್ಟು ಎಲ್ಲವನ್ನೂ ಮಾಡಿದರು.

“ಆ ಒಂದು ತೆಗೀರಿ. ನಿಮಗೇ ಲಾಭ.”

“ಆಗಲ್ಲ ಸ್ವಾಮಿ.”

“ಸಾವಿನ ಮನೆಗೆ ಮೇಲೊಂದು ಇಡಬಾರದು ಅಂತ ನೀವೇ ಹೇಳಿದ್ರಿ.”

“ಇದು ವ್ಯವಹಾರ. ಕೋರ್ಟಿನ ವ್ಯವಹಾರ. ಇದಕ್ಕೂ ಅದಕ್ಕೂ ಏನು ಸಂಬಂಧ, ಏನಂತೀರಿ?”

“ಬಸ್ಸು ಹೋಗತ್ತೆ ಪಂಚಾಕ್ಷರಯ್ಯನವರೇ! ಸೋಮವಾರ ವಿಚಾರಣೆ. ಒಂದು ರೂಪಾಯಿ ಹಟಕ್ಕೆ ಬಸ್ಸು ಹರಾಜು ಹಾಕಿಸ್ತೀರಾ?”

ಪಂಚಾಕ್ಷರಯ್ಯನವರು ಕೋಟಿನ ಗುಂಡಿ ತಿರುವುತ್ತ ಕೂತರು. ಬಸ್ಸಿನ ಮಾತಿಗೆ ಅವರ ಮುಖ ಕಪ್ಪಿಟ್ಟದ್ದು ನಿಜ; ಆ ಬಸ್ಸಿಗೆ ಅವರು ಪ್ರತಿ ಸೋಮವಾರ ತಾವೇ ವಿಭೂತಿ ಹಚ್ಚುವವರು. ಆದರೂ ತಲೆ ಅಡ್ಡಡ್ಡ ಆಡಿತು. ಎದ್ದು ಹಿತ್ತಲಿಗೆ ಹೋದರು.

ಕಾಫಿ ತಂದಿಟ್ಟ ಅವರ ಹೆಂಡತಿ ದಾಕ್ಷಾಯಣಮ್ಮನವರು ಬಾಗಿಲ ಹತ್ತಿರವೇ ನಿಂತರು. “ಅವ್ರು ದುಡ್ಡಿಗಲ್ಲ ಹಟ ಮಾಡ್ತಿರೋದು,” ಎಂದರು ಮೆಲ್ಲಗೆ. “ಸೊನ್ನೆ ಬರೆದು ಕೊಟ್ರೆ, ನನ್ನ ಬಸ್ಸಿಂದ ಒಂದು ಸಾವಾಯ್ತು ಅಂತ ಅವ್ರೇ ಒಪ್ಕೊಂಡಂಗೆ. ಆವತ್ತಿಂದ ಆ ಕವಲು ಬಂದ್ರೆ ಬಸ್ಸಲ್ಲಿ ಕಣ್ಣು ಮುಚ್ಕೊಂಡು ಕೂತ್ಕೋತಾರೆ. ಹ್ಯಾಗೆ ಒಪ್ಕೋತಾರೆ ಹೇಳಿ.”

ಚಂದ್ರಶೇಖರಯ್ಯನವರ ಸಿಟ್ಟು ಇಳಿಯಬೇಕಿತ್ತು, ಇನ್ನೂ ಏರಿತು. ಕಾನೂನಿನ ಯಾವ ಪುಸ್ತಕದಲ್ಲಿ ಇದಕ್ಕೆ ಮದ್ದಿದೆ? ರಾಜಿ ಅರ್ಜಿಯ ಸೊಗಸೇ, ಯಾರ ತಪ್ಪು ಎಂಬುದನ್ನು ಯಾರೂ ಒಪ್ಪದೆ ಮುಗಿಸಬಹುದು ಎಂಬುದು. ‘ಹೊಣೆಯನ್ನು ಒಪ್ಪಿಕೊಳ್ಳದೆ’ ಎಂಬ ಪದಗಳನ್ನು ಅವರು ಎಷ್ಟು ಜಾಣತನದಿಂದ ಹೆಣೆದಿದ್ದರು! ಅದನ್ನೆಲ್ಲ ಓದಲು ಬಾರದ ಹೊನ್ನಕ್ಕನೂ, ಓದಿ ಸಹಿ ಹಾಕಲು ಸಿದ್ಧನಿದ್ದ ಈ ಮನುಷ್ಯನೂ ಕಸಕ್ಕೆ ಸಮನಾಗಿ ಕಂಡು, ಒಂದು ಅಂಕಿಯೊಳಗೆ ಹೊಕ್ಕು ಜಗಳವಾಡುತ್ತಿದ್ದರು. ಆ ಅಂಕಿ ಇಬ್ಬರಿಗೂ ಒಂದೇ ಅರ್ಥವನ್ನು ಹೇಳುತ್ತಿತ್ತು. ಅದಕ್ಕೇ ಇಬ್ಬರೂ ಬಿಡುವ ಹಾಗಿರಲಿಲ್ಲ.

ಶುಕ್ರವಾರ ಅವರು ಈಶ್ವರಯ್ಯನವರನ್ನು ಹೊನ್ನಕ್ಕನ ಹಳ್ಳಿಗೆ ಅಟ್ಟಿದರು. ಐವತ್ತು ಹೆಚ್ಚಿಗೆ ಕೊಡಿಸುತ್ತೇವೆ, ಆ ಒಂದು ಅದರೊಳಗೆ ಅಡಗಿಹೋಗುತ್ತದೆ, ಎಂಬ ಸಂಧಾನ. ಈಶ್ವರಯ್ಯನವರು ಧೂಳು ತುಂಬಿಕೊಂಡು ಸಂಜೆ ಮರಳಿದವರು ಕುರ್ಚಿಯಲ್ಲಿ ಕುಸಿದು, ಆಕೆಯ ಮಾತನ್ನು ಹಾಗೇ ಹೇಳಿದರು: “‘ಬೇಕಾರೆ ನೂರು ಕಡ್ಮೆ ಮಾಡ್ಕೊಳ್ಳಿ ಸಾ. ಆ ಒಂದು ಬ್ಯಾಡ. ಸಾವಿನ ಮನೆಗೆ ಕೊಟ್ಟಂಗೆ ಕೊಡ್ಲಿ, ಇಸ್ಕೋತೀನಿ’ ಅಂತಾಳೆ ಕಣ್ರೀ.”

ಈ ಮಾತನ್ನು ಚಂದ್ರಶೇಖರಯ್ಯನವರು ಶನಿವಾರ ಬೆಳಿಗ್ಗೆ, ತಮ್ಮ ಕಚೇರಿಗೆ ಬಂದ ಪಂಚಾಕ್ಷರಯ್ಯನವರ ಮುಂದೆ ಯಾವ ಆಸೆಯೂ ಇಲ್ಲದೆ ಇಟ್ಟರು. ಅಂದು ಸಹಿಯಾಗಿ ರಾತ್ರಿಯ ರೈಲಿಗೆ ಹೋದರಷ್ಟೇ ಅರ್ಜಿ ಬೆಂಗಳೂರು ಸೇರುವುದು.

“ನೂರು ಕಡಿಮೆ ತಗೋತಾಳಂತಾ?” ಎಂದರು ಪಂಚಾಕ್ಷರಯ್ಯನವರು.

“ತಗೋತಾಳಂತೆ.”

ವ್ಯಾಪಾರಸ್ಥನ ಮುಖದಲ್ಲಿ ಒಂದು ಹೊಳಪು ಬರಬೇಕಿತ್ತು. ಬರಲಿಲ್ಲ. ‘ಏನಂತೀರಿ’ ಕೂಡ ಬರಲಿಲ್ಲ. ಕೋರ್ಟಿನ ತನಕ ಇಬ್ಬರೂ ನಡೆದೇ ಹೋದರು, ದಾರಿಯ ಯಾವ ಅಂಗಡಿಯ ಮುಂದೂ ಪಂಚಾಕ್ಷರಯ್ಯನವರು ನಿಲ್ಲಲಿಲ್ಲ.

ಜಗಲಿಯಲ್ಲಿ, ಈಶ್ವರಯ್ಯನವರು ಕರೆತಂದಿದ್ದ ಹೊನ್ನಕ್ಕ ಅದೇ ಕಂಬಕ್ಕೆ ಒರಗಿ ಕೂತಿದ್ದಳು. ಇಷ್ಟು ವರ್ಷದ ಕೇಸಿನಲ್ಲಿ ಅವರಿಬ್ಬರು ಎದುರುಬದುರಾದದ್ದು ಅದೇ ಮೊದಲು. ಒಬ್ಬರು ಬರುವಷ್ಟರಲ್ಲಿ ಒಬ್ಬರು ಹೋಗಿರುತ್ತಿದ್ದರು. ಅವಳು ಎದ್ದು ಸೆರಗು ಹೊದ್ದು, ಆ ಕಂದು ಕೋಟನ್ನು ಮೇಲಿಂದ ಕೆಳಗೆ ನೋಡಿದಳು.

“ನೀವೇನಾ ಸಾ ಬಸ್ಸಿನೋರು?”

“ಹೂಂ ಕಣಮ್ಮ.”

“ನಮ್ಮನೆಯೋರು ಸತ್ತವ್ರೆ ಅಂತ ನಿಮಗ್ ಗೊತ್ತಾ?”

ಆಕೆಯ ದನಿಯಲ್ಲಿ ಜಗಳವಿರಲಿಲ್ಲ. ಗೊತ್ತಿಲ್ಲದವರಿಗೆ ತಿಳಿಸುವ ಹಾಗೆ ಕೇಳಿದಳು. ಪಂಚಾಕ್ಷರಯ್ಯನವರು ಕೈ ಚಾಚಿ ಅರ್ಜಿಯನ್ನು ಇಸಿದುಕೊಂಡು, ಗೋಡೆಗೆ ಒತ್ತಿಹಿಡಿದು, ಚಂದ್ರಶೇಖರಯ್ಯನವರ ಜೇಬಿನಿಂದ ಪೆನ್ನು ಎಳೆದುಕೊಂಡು, ಮೊತ್ತದ ಕೊನೆಯಲ್ಲಿದ್ದ ಒಂದನ್ನು ಹೊಡೆದರು. ಪೆನ್ನು ಅಲ್ಲೇ ಸ್ವಲ್ಪ ಹೊತ್ತು ನಿಂತಿತು. ಆಮೇಲೆ ಅದರ ಮೇಲೆ ಒಂದು ಸೊನ್ನೆ ಬರೆದರು. ಅಭ್ಯಾಸವಿಲ್ಲದ ಕೈ, ಸೊನ್ನೆ ಸೊಟ್ಟಗಾಯಿತು.

ತಿದ್ದಿದ ಕಡೆಯಲ್ಲಿ ಎರಡೂ ಪಕ್ಷದ ಗುರುತು ಬೀಳಬೇಕು. ಅವರು ಚಿಕ್ಕ ಸಹಿ ಹಾಕಿದರು. ಹೊನ್ನಕ್ಕ ಮಸಿಯ ಹೆಬ್ಬೆಟ್ಟನ್ನು ಆ ಸೊಟ್ಟ ಸೊನ್ನೆಯ ಪಕ್ಕದಲ್ಲಿ ಒತ್ತಿದಳು. ನೂರು ಕಡಿಮೆ ಮಾಡುವ ಮಾತನ್ನು ಯಾರೂ ಎತ್ತಲಿಲ್ಲ. ಅವಳು ಕೈ ತೊಳೆಯಲು ನಲ್ಲಿಯ ಕಡೆ ಹೋದಾಗ ಪಂಚಾಕ್ಷರಯ್ಯನವರು ತಲೆ ತಗ್ಗಿಸಿ ಅಲ್ಲೇ ನಿಂತಿದ್ದರು, ಸಾವಿನ ಮನೆಯ ಬಾಗಿಲಲ್ಲಿ ನಿಂತ ಹಾಗೆ.

ಬಸ್ಸು ಉಳಿಯಿತು. ಅರ್ಜಿ ರೈಲು ಹತ್ತಿತು. ಕಚೇರಿಗೆ ಮರಳಿದ ಚಂದ್ರಶೇಖರಯ್ಯನವರು ಕುರ್ಚಿಗೆ ಒರಗಿ, ಎರಡು ಬೇಸಿಗೆಯ ಆಯಾಸವನ್ನೆಲ್ಲ ಒಂದೇ ನಿಟ್ಟುಸಿರಿನಲ್ಲಿ ಹೊರಹಾಕಿದರು. ಪಂಚಾಕ್ಷರಯ್ಯನವರು ಎದುರು ನಿಂತು ಎಡಜೇಬಿನಿಂದ ಫೀಜು ತೆಗೆದು, ಎಣಿಸಿ, ಮೇಜಿನ ಮೇಲಿಟ್ಟು, ಎಂದಿನಂತೆ ಒಂದು ಕ್ಷಣ ನಿಂತರು. ವಕೀಲರು ಎಂದಿನಂತೆ ಕಾಫಿಪುಡಿಯ ಡಬ್ಬಿಗೆ ಕೈ ಚಾಚಿದರು. ಬಲಗೈ ಜೇಬಿನ ಕಡೆ ಹೋಗಲಿಲ್ಲ. ಹಿಂದೊಮ್ಮೆ ಬೇಡ ಬೇಡ ಎಂದು ಗದರಿದ್ದ ಆ ರೂಪಾಯಿಗಾಗಿ ಚಂದ್ರಶೇಖರಯ್ಯನವರು ಡಬ್ಬಿಯ ಮುಚ್ಚಳ ತೆಗೆದು ಕಾದರು.

“ಮೇಲೊಂದು?” ಎಂದರು, ತಮಗರಿವಿಲ್ಲದೆ.

“ಇದೂ ಆ ಸಾವಿನ ಖರ್ಚೇ ಅಲ್ವೆ ಸ್ವಾಮಿ? ಏನಂತೀರಿ?”

ಹೀಗೆ ಕೇಳಿ ಅವರು ಉತ್ತರಕ್ಕಾಗಿ ಕಾದು ನಿಂತರು. ಮೊದಲ ಸಲ. ಆ ಕಣ್ಣುಗಳು ನಿಜವಾಗಿ ಕೇಳುತ್ತಿದ್ದವು. ವಾದ ಮಾಡಿಯೇ ಬದುಕಿದ ಚಂದ್ರಶೇಖರಯ್ಯನವರು ಡಬ್ಬಿಯನ್ನು ಮುಚ್ಚಿ ಪಕ್ಕಕ್ಕಿಟ್ಟರು.

ಇಂಥವರು ನಮ್ಮ ಕಡೆಯ ಊರುಗಳಲ್ಲಿ ಬೇಕಾದಷ್ಟು ಮಂದಿ. ‘ತಪ್ಪಾಯಿತು’ ಎಂಬ ಮಾತು ಅವರ ನಾಲಿಗೆಯಲ್ಲಿ ಹುಟ್ಟುವುದಿಲ್ಲ. ದೇವರ ಮೇಲೆ ಪ್ರಮಾಣ ಮಾಡಿ ಕೋರ್ಟಿನಲ್ಲಿ ಹಸಿಸುಳ್ಳು ಹೇಳಿ, ಮಧ್ಯಾಹ್ನ ನೆಮ್ಮದಿಯಾಗಿ ಉಂಡು ಮಲಗಬಲ್ಲರು. ಜೊತೆಯಲ್ಲಿದ್ದವರ ತಾಳ್ಮೆಯನ್ನು ಹಿಂಡಿ ಹಿಪ್ಪೆ ಮಾಡುತ್ತಾರೆ. ಆದರೆ ಹೆತ್ತವರಿಂದ ಕೈಗೆ ಬಂದ ಒಂದು ಶಾಸ್ತ್ರದಲ್ಲಿ ಅವರಿಗೆ ಸುಳ್ಳಾಡಲು ಬರುವುದಿಲ್ಲ. ಅಲ್ಲಿ ಒಂದು ಅಂಕಿ ಬದಲಿಸಬೇಕಾದರೂ ಒಳಗೆ ಇಡೀ ಮನುಷ್ಯ ಬದಲಾಗಬೇಕು. ಅವರು ಅಷ್ಟು ಹಟ ಮಾಡುವುದು ಅದಕ್ಕೇ, ಕೊನೆಗೆ ಬರೆದುಕೊಟ್ಟ ಆ ಸೊಟ್ಟ ಸೊನ್ನೆಯನ್ನು ಹೊನ್ನಕ್ಕನಂಥವರು ಕಣ್ಣು ಮುಚ್ಚಿ ನಂಬುವುದೂ ಅದಕ್ಕೇ.